ಡಬ್ಬಿ ಮೇಲೆ ಹೆಸರು ಬೇಡ, ಗಾಜು ಯಾವುದು ಅಂತ ಬರೆಯಿರಿ

ಸಂಪಾದಕರಿಗೆ ನಮಸ್ಕಾರ.

ನಿಮ್ಮ ಪತ್ರಿಕೆಯ ಅಡುಗೆ ಪುಟದಲ್ಲಿ ಆಗಾಗ ಒಂದು ಸಾಲು ಬರುತ್ತದೆ. 'ಕಲಸಿದ್ದನ್ನು ಪೈರೆಕ್ಸ್ ಬಟ್ಟಲಿಗೆ ಹಾಕಿ ಓವನ್‌ನಲ್ಲಿ ಇಡಿ.' ಕೆಲವು ಸಲ 'ಬೊರೊಸಿಲ್ ಬೌಲ್' ಅಂತ ಇರುತ್ತದೆ. ಕೆಲವು ಸಲ ಬರೀ 'ಹೀಟ್ ಪ್ರೂಫ್ ಗಾಜಿನ ಪಾತ್ರೆ'. ಮೂರೂ ಒಂದೇ ಅನ್ನೋ ಹಾಗೆ ಬರೆಯುತ್ತೀರಿ. ಮೂರೂ ಒಂದೇ ಅಲ್ಲ. ಪೈರೆಕ್ಸ್, ಬೊರೊಸಿಲ್ ಅನ್ನೋದು ಬ್ರ್ಯಾಂಡಿನ ಹೆಸರು, ಗಾಜಿನ ಹೆಸರಲ್ಲ. ಪೈರೆಕ್ಸ್ ಅನ್ನೋ ಒಂದೇ ಹೆಸರಿನಲ್ಲೂ ಒಂದೇ ಗಾಜು ಇಲ್ಲ. ಆ ಸಾಲು ಓದಿ, ಕಪಾಟಿನಲ್ಲಿ ಕಂಡ ಗಾಜಿನ ಬಟ್ಟಲನ್ನು 200 ಡಿಗ್ರಿ ಓವನ್‌ಗೆ ತಳ್ಳುವವರು ನಮ್ಮ ಓಣಿಯಲ್ಲೇ ಬೇಕಾದಷ್ಟು ಜನ ಇದ್ದಾರೆ. ಅದಕ್ಕೇ ಈ ಪತ್ರ. ಉದ್ದ ಆಗುತ್ತದೆ. ಕತ್ತರಿಸುವುದಿದ್ದರೆ ನನ್ನ ಬಗ್ಗೆ ಇರುವುದನ್ನು ಕತ್ತರಿಸಿ, ಗಾಜಿನ ಬಗ್ಗೆ ಇರುವುದನ್ನು ಬಿಡಿ.

ನಾನು ಕಲಬುರಗಿಯ ಒಂದು ಕಾಲೇಜಿನ ಕೆಮಿಸ್ಟ್ರಿ ಲ್ಯಾಬಿನಲ್ಲಿ ಕೆಲಸ ಮಾಡಿ ನಿವೃತ್ತಿ ಆದವಳು. ಪಾಠ ಹೇಳುವ ಕೆಲಸ ಅಲ್ಲ. ಬೀಕರ್ ತೊಳೆಯುವುದು, ಆಸಿಡ್ ಬಾಟಲಿ ತುಂಬಿಸುವುದು, ಹುಡುಗರು ಒಡೆದದ್ದನ್ನು ರಿಜಿಸ್ಟರಿನಲ್ಲಿ ಬರೆಯುವುದು. ಲ್ಯಾಬಿನಲ್ಲಿ ನಮಗೆ ಗಾಜು ಅಂದರೆ ಎರಡು ಜಾತಿ, ಸೋಡಾ ಗಾಜು ಮತ್ತು ಬೊರೊಸಿಲಿಕೇಟ್ ಗಾಜು. ನೋಡೋಕೆ ಎರಡೂ ಒಂದೇ. ಬೆಂಕಿಗೆ ಹಿಡಿದಾಗ ಜಾತಿ ಗೊತ್ತಾಗುತ್ತದೆ. ಸೋಡಾ ಗಾಜಿನ ಸಣ್ಣ ಕೊಳವೆ ಬರ್ನರ್ ಮೇಲೆ ಹಿಡಿದರೆ ಸ್ವಲ್ಪ ಹೊತ್ತಿಗೆ ಮೆತ್ತಗಾಗಿ ಬಾಗುತ್ತದೆ, ಫಸ್ಟ್ ಇಯರ್ ಹುಡುಗರು ಅದನ್ನೇ ಬಗ್ಗಿಸಿ ಗ್ಯಾಸ್ ಹೋಗುವ ಪೈಪು ಮಾಡುತ್ತಿದ್ದರು. ಬೊರೊಸಿಲಿಕೇಟ್ ಕೊಳವೆ ಅಷ್ಟಕ್ಕೆ ಜಗ್ಗುವುದಿಲ್ಲ. ಸೋಡಾ ಗಾಜು ಮೆತ್ತಗಾಗುವುದು ಸುಮಾರು 700 ಡಿಗ್ರಿ ಸೆಲ್ಸಿಯಸ್‌ಗೆ, ಬೊರೊಸಿಲಿಕೇಟ್ ಸುಮಾರು 820ಕ್ಕೆ. ಅದನ್ನು ಬಗ್ಗಿಸಬೇಕಂದ್ರೆ ಉರಿಗೆ ಆಕ್ಸಿಜನ್ ಕೊಡಬೇಕು.

ಆದರೆ ಅಡುಗೆಮನೆಯಲ್ಲಿ ಗಾಜು ಕರಗುವ ಭಯ ಯಾರಿಗೂ ಇಲ್ಲ. ಮನೆ ಓವನ್ 250 ಡಿಗ್ರಿ ದಾಟುವುದಿಲ್ಲ. ಅಲ್ಲಿನ ತೊಂದರೆ ಬೇರೆ. ಗಾಜು ಬಿಸಿಯಾದರೆ ಹಿಗ್ಗುತ್ತದೆ, ತಣ್ಣಗಾದರೆ ಕುಗ್ಗುತ್ತದೆ. ಅದರ ಜೊತೆಗೆ ಗಾಜಿನಲ್ಲಿ ಶಾಖ ಬೇಗ ಹರಿಯುವುದಿಲ್ಲ. ಒಳಗಿನ ಮೈ ಇನ್ನೂ ಕುದಿಯುತ್ತಿರುವಾಗ ಹೊರಗಿನ ಮೈ ತಣ್ಣೀರು ತಾಗಿ ಕುಗ್ಗಲು ನೋಡುತ್ತದೆ, ಒಳಗಿನದು ಬಿಡುವುದಿಲ್ಲ, ಆ ಎಳೆದಾಟದಲ್ಲಿ ಎಲ್ಲೋ ಒಂದು ಸಣ್ಣ ಗೀರು ಇದ್ದ ಜಾಗದಿಂದ ಬಿರುಕು ಹೊರಟು ಪಾತ್ರೆ ಒಡೆಯುತ್ತದೆ. ಅಂದ್ರೆ ಗಾಜನ್ನು ಒಡೆಯುವುದು ಬಿಸಿ ಅಲ್ಲ. ಬಿಸಿಗೂ ತಣ್ಣಗಿನದಕ್ಕೂ ಇರುವ ಅಂತರ ಒಡೆಯುತ್ತದೆ. ಎಷ್ಟು ಹಿಗ್ಗುತ್ತದೆ ಅನ್ನೋದೇ ಇಲ್ಲಿ ಎಲ್ಲಾ. ಒಂದು ಮೀಟರ್ ಉದ್ದದ ಸೋಡಾ ಗಾಜಿನ ಕಡ್ಡಿಯನ್ನು 100 ಡಿಗ್ರಿ ಹೆಚ್ಚು ಬಿಸಿ ಮಾಡಿದರೆ ಸುಮಾರು 0.9 ಮಿಲಿಮೀಟರ್ ಉದ್ದ ಆಗುತ್ತದೆ. ಬೊರೊಸಿಲಿಕೇಟ್ ಕಡ್ಡಿ 0.33 ಮಿಲಿಮೀಟರ್ ಅಷ್ಟೇ. ಮೂರರಲ್ಲಿ ಒಂದು ಪಾಲು ಹತ್ತಿರ. ಬಿಸಿ ಬೀಕರಿಗೆ ಹುಡುಗರು ನಲ್ಲಿ ನೀರು ಬಿಟ್ಟರೂ ಎಷ್ಟೋ ಸಲ ಅದು ಉಳಿದುಕೊಂಡದ್ದು ಇದೇ ಕಾರಣಕ್ಕೆ.

ಸೋಡಾ ಗಾಜಿಗೆ ಬೇಕಾದದ್ದು ಮರಳು, ಸೋಡಾ, ಸುಣ್ಣಕಲ್ಲು. ಸುಣ್ಣಕಲ್ಲು ನಮ್ಮ ಜಿಲ್ಲೆಯವರಿಗೆ ಹೊಸದೇನಲ್ಲ. ಸೇಡಂ, ವಾಡಿ ಕಡೆ ಹೋದರೆ ಸಿಮೆಂಟ್ ಫ್ಯಾಕ್ಟರಿಗಳು ತಿನ್ನುವುದು ಅದನ್ನೇ, ಮನೆಮನೆಯ ನೆಲಕ್ಕೆ ಹಾಕಿದ ಶಹಾಬಾದ ಫರ್ಸಿಯೂ ಅದೇ ಜಾತಿ ಕಲ್ಲು. ಬೊರೊಸಿಲಿಕೇಟ್‌ನಲ್ಲಿ ಸುಣ್ಣಕ್ಕೆ ಜಾಗ ಇಲ್ಲ ಅಂದರೂ ನಡೆಯುತ್ತದೆ. ನೂರರಲ್ಲಿ ಸುಮಾರು 80 ಪಾಲು ಸಿಲಿಕಾ, ಅಂದ್ರೆ ಮರಳಿನಲ್ಲಿರುವುದೇ, 13 ಪಾಲು ಬೋರಾನ್ ಆಕ್ಸೈಡ್, ಉಳಿದದ್ದು ಸ್ವಲ್ಪ ಸೋಡಾ, ಸ್ವಲ್ಪ ಅಲ್ಯೂಮಿನಾ. ಬೋರಾನ್ ಎಲ್ಲಿಂದ ಬರುತ್ತದೆ ಅಂದ್ರೆ ಬಿಳಿಗಾರದಂಥ ಖನಿಜದಿಂದ. ಅಕ್ಕಸಾಲಿಗರು ಬೆಸುಗೆ ಹಾಕುವಾಗ ಬಳಸುತ್ತಾರಲ್ಲ, ಅದೇ ಬಿಳಿಗಾರ. ಅದರ ದೊಡ್ಡ ಗಣಿಗಳು ಇರುವುದು ಟರ್ಕಿಯಲ್ಲಿ ಮತ್ತು ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ. ಮೇಲೆ ಇದನ್ನು ಕರಗಿಸೋಕೆ ಉರಿಯೂ ಜಾಸ್ತಿ ಬೇಕು. ಹಾಗಾಗಿ ರೇಟೂ ಜಾಸ್ತಿ. ಅಗ್ಗಕ್ಕೆ ಸಿಕ್ಕ ಬಟ್ಟಲಿನ ಮೇಲೆ ಎಷ್ಟೇ ದೊಡ್ಡ ಅಕ್ಷರದಲ್ಲಿ ಹೀಟ್ ರೆಸಿಸ್ಟೆಂಟ್ ಅಂತ ಇದ್ದರೂ ನಾನು ಒಂದು ಸಲ ಅನುಮಾನದಿಂದಲೇ ತಿರುಗಿಸಿ ನೋಡುತ್ತೇನೆ.

ಈಗ ಹೆಸರಿನ ಕಥೆಗೆ ಬರುತ್ತೇನೆ. ಇದು ಸ್ವಲ್ಪ ಸ್ವಾರಸ್ಯದ್ದು.

ಬೊರೊಸಿಲಿಕೇಟ್ ಗಾಜನ್ನು ಮೊದಲು ಮಾಡಿದ್ದು ಜರ್ಮನಿಯ ಯೇನಾ ಊರಿನ ಒಟ್ಟೊ ಶಾಟ್, 19ನೇ ಶತಮಾನದ ಕೊನೆಯಲ್ಲಿ. ಥರ್ಮಾಮೀಟರಿಗೆ, ದೀಪದ ಚಿಮಣಿಗೆ ಅಂತ. ಅಡುಗೆಯ ಯೋಚನೆ ಆಗ ಯಾರಿಗೂ ಇರಲಿಲ್ಲ. ಅತ್ತ ಅಮೆರಿಕದಲ್ಲಿ ನ್ಯೂಯಾರ್ಕ್ ರಾಜ್ಯದ ಕಾರ್ನಿಂಗ್ ಅನ್ನೋ ಊರಿನ ಗಾಜಿನ ಕಂಪನಿಗೆ ರೈಲ್ವೆಯವರದ್ದು ಒಂದು ತಲೆನೋವು ಬಂತು. ಸಿಗ್ನಲ್ ಲಾಟೀನಿನ ಗಾಜು ಒಳಗಿನ ಉರಿಗೆ ಕಾದಿರುತ್ತದೆ, ಹೊರಗಿನಿಂದ ಮಳೆಯೋ ಹಿಮವೋ ಬಿದ್ದರೆ ಚಟ್ ಅಂತ ಒಡೆಯುತ್ತದೆ. ಕೆಂಪು ಗಾಜು ಉದುರಿದರೆ ಡ್ರೈವರಿಗೆ ಕಾಣುವುದು ಬರೀ ಬಿಳಿ ದೀಪ. ಅಪಾಯ ಎಂಥದ್ದು ಅಂತ ವಾಡಿ ಜಂಕ್ಷನ್ ನೋಡಿದವರಿಗೆ ಬಿಡಿಸಿ ಹೇಳಬೇಕಿಲ್ಲ. ಅದಕ್ಕೆ ಕಾರ್ನಿಂಗ್‌ನವರು ಕಡಿಮೆ ಹಿಗ್ಗುವ ಗಾಜು ಮಾಡಿ ನೋನೆಕ್ಸ್ ಅಂತ ಹೆಸರಿಟ್ಟರು. ಹಿಗ್ಗುವುದಿಲ್ಲ ಅನ್ನೋದರ ಮೊಟಕು ರೂಪ. ಅದೇ ಗಾಜಿನಲ್ಲಿ ಬ್ಯಾಟರಿಯ ಜಾಡಿಗಳನ್ನೂ ಮಾಡುತ್ತಿದ್ದರು.

1913ರಲ್ಲಿ ಅಲ್ಲಿನ ವಿಜ್ಞಾನಿ ಜೆಸ್ಸಿ ಲಿಟಲ್ಟನ್ ಅವರ ಹೆಂಡತಿ ಬೆಸ್ಸಿಯ ಮನೆಯಲ್ಲಿ ಓವನ್‌ಗೆ ಇಡುವ ಮಣ್ಣಿನ ಪಾತ್ರೆ ಒಡೆಯಿತು. ನಿಮ್ಮ ಗಾಜು ಅಷ್ಟು ಗಟ್ಟಿ ಅಂತೀರಲ್ಲ, ಒಂದು ತಂದುಕೊಡಿ ಅಂದರಂತೆ. ಗಂಡ ಬ್ಯಾಟರಿ ಜಾಡಿಯ ತಳ ಕತ್ತರಿಸಿ ತಂದರು. ಆಕೆ ಅದರಲ್ಲಿ ಸ್ಪಂಜ್ ಕೇಕ್ ಬೇಯಿಸಿ ಕಂಪನಿಗೆ ಕಳಿಸಿದರು. ಎಲ್ಲಾ ಕಡೆ ಸಮನಾಗಿ ಬೆಂದಿತ್ತು, ಗಾಜೂ ಒಡೆಯಲಿಲ್ಲ. ಆದರೆ ನೋನೆಕ್ಸ್‌ನಲ್ಲಿ ಸೀಸ ಇತ್ತು. ಊಟದ ಪಾತ್ರೆಗೆ ಅದು ನಡೆಯುವುದಿಲ್ಲ ಅಂತ ಸೀಸ ಬಿಟ್ಟು ಹೊಸ ಬೊರೊಸಿಲಿಕೇಟ್ ಗಾಜು ಮಾಡಿದರು. 1915ರಲ್ಲಿ ಅದು ಪೈರೆಕ್ಸ್ ಅನ್ನೋ ಹೆಸರಿನಲ್ಲಿ ಅಂಗಡಿಗೆ ಬಂತು. (ಇಷ್ಟು ದೊಡ್ಡ ಕಂಪನಿಗೆ ದಾರಿ ತೋರಿಸಿದ್ದು ಅಡುಗೆ ಮಾಡುವ ಹೆಂಗಸು ಅನ್ನೋದು ನನಗೆ ಬಹಳ ಇಷ್ಟದ ಸಂಗತಿ. ಇದನ್ನು ಮಾತ್ರ ಕತ್ತರಿಸಬೇಡಿ.)

ಪೈರೆಕ್ಸ್ ಅಂದರೆ ಏನು? ಗ್ರೀಕ್ ಭಾಷೆಯಲ್ಲಿ ಪೈರ್ ಅಂದರೆ ಬೆಂಕಿ, ಲ್ಯಾಟಿನ್‌ನಲ್ಲಿ ರೆಕ್ಸ್ ಅಂದರೆ ರಾಜ. ಬೆಂಕಿಯ ರಾಜ! ಲ್ಯಾಬಿಗೆ ಬರುತ್ತಿದ್ದ ಒಬ್ಬ ಸೇಲ್ಸ್‌ಮನ್ ಇದನ್ನೇ ಬಹಳ ಗತ್ತಿನಿಂದ ಹೇಳುತ್ತಿದ್ದ. ಕೇಳೋಕೆ ಚೆನ್ನಾಗಿದೆ. ಕಂಪನಿಯವರೇ ಹೇಳಿದ್ದು ಬೇರೆ. ಅವರ ಹಳೆಯ ಹೆಸರುಗಳು ನೋನೆಕ್ಸ್ ಥರ 'ಎಕ್ಸ್' ಅಂತ ಮುಗಿಯುತ್ತಿದ್ದವು. ಹೊಸ ಗಾಜಿನಲ್ಲಿ ಮೊದಮೊದಲು ಮಾರಿದ್ದು ಪೈ ಅನ್ನೋ ತಿನಿಸು ಬೇಯಿಸುವ ತಟ್ಟೆ. ಪೈ ಮತ್ತು ಎಕ್ಸ್ ನಡುವೆ ಕಿವಿಗೆ ಹಿತವಾಗಲಿ ಅಂತ ಒಂದು 'ರ್' ಸೇರಿಸಿದರು. ಅಷ್ಟೇ. ಬೆಂಕಿಯೂ ಇಲ್ಲ, ರಾಜನೂ ಇಲ್ಲ. ಹೆಸರಿನೊಳಗೆ ಗುಣದ ಯಾವ ಭರವಸೆಯನ್ನೂ ಇಟ್ಟಿರಲಿಲ್ಲ, ಭರವಸೆ ಸೇರಿಸಿಕೊಂಡದ್ದು ಕೊಳ್ಳುವ ನಾವು.

ಭರವಸೆ ಸುಮ್ನೆ ಹುಟ್ಟಲಿಲ್ಲ ಅನ್ನೋದೂ ನಿಜ. ಕ್ಯಾಲಿಫೋರ್ನಿಯಾದ ಪಾಲೊಮಾರ್ ಬೆಟ್ಟದ ಮೇಲಿನ ದೊಡ್ಡ ದೂರದರ್ಶಕಕ್ಕೆ 200 ಇಂಚು ಅಗಲದ ಕನ್ನಡಿ ಬೇಕಾದಾಗ 1934ರಲ್ಲಿ ಕಾರ್ನಿಂಗ್‌ನವರು ಎರಕ ಹೊಯ್ದದ್ದು ಪೈರೆಕ್ಸ್ ಗಾಜಿನಲ್ಲೇ. ಸುಮಾರು 20 ಟನ್ ತೂಕ. ಒಮ್ಮೆಲೇ ತಣ್ಣಗಾದರೆ ಒಡೆಯುತ್ತದೆ ಅಂತ ತಿಂಗಳುಗಟ್ಟಲೆ ನಿಧಾನವಾಗಿ ಆರಿಸಿದರು. ಹಗಲಿನ ಬಿಸಿಲಿಗೂ ರಾತ್ರಿಯ ಚಳಿಗೂ ಆ ಕನ್ನಡಿಯ ಆಕಾರ ಬದಲಾಗಬಾರದು, ಅದಕ್ಕೇ ಆ ಗಾಜು. ಲ್ಯಾಬುಗಳಲ್ಲೂ ಪೈರೆಕ್ಸ್ ಅಂದರೆ ಕಣ್ಣು ಮುಚ್ಚಿ ನಂಬುವ ಮಾಲು ಅಂತಲೇ ಹೆಸರು.

ಆದರೆ ಅಡುಗೆಮನೆಯ ಕಡೆ ಅದೇ ಹೆಸರು ಬೇರೆ ದಾರಿ ಹಿಡಿಯಿತು. 1930ರ ದಶಕದಲ್ಲಿ ಪೈರೆಕ್ಸ್ ಫ್ಲೇಮ್‌ವೇರ್ ಅಂತ ಒಲೆ ಮೇಲೇ ಇಡುವ ಪಾತ್ರೆ ಬಂತು, ಅದರ ಗಾಜು ಬೇರೆ, ಅಲ್ಯೂಮಿನೊಸಿಲಿಕೇಟ್. 1940ರ ದಶಕದಲ್ಲಿ ಬಣ್ಣಬಣ್ಣದ ಬಟ್ಟಲುಗಳು ಬಂದವು. ಅವು ಹದ ಕೊಟ್ಟು (ಟೆಂಪರ್ ಮಾಡಿ) ಗಟ್ಟಿ ಮಾಡಿದ ಸೋಡಾ ಜಾತಿಯ ಬಿಳಿ ಗಾಜು. ಅಂದ್ರೆ ಹಳೆ ಕಾಲದ ಮಾಲೆಲ್ಲಾ ಚಿನ್ನ, ಈಗಿನದ್ದು ಮಾತ್ರ ಕಲಬೆರಕೆ ಅಂತ ಹೇಳುವವರ ಮಾತೂ ಪೂರ್ತಿ ಸರಿ ಅಲ್ಲ. 1998ರಲ್ಲಿ ಕಾರ್ನಿಂಗ್ ತನ್ನ ಅಡುಗೆ ಸಾಮಾನಿನ ವ್ಯವಹಾರವನ್ನೇ ಮಾರಿಬಿಟ್ಟಿತು. ಅಮೆರಿಕದಲ್ಲಿ ಆ ಹೆಸರಿನಲ್ಲಿ ಈಗ ಮಾರುವ ಅಡುಗೆ ಬಟ್ಟಲು ಹದ ಕೊಟ್ಟ ಸೋಡಾ ಗಾಜು. ಯುರೋಪಿನಲ್ಲಿ ಅದೇ ಹೆಸರು ಇನ್ನೊಂದು ಕಂಪನಿಯ ಕೈಯಲ್ಲಿದೆ. ಅವರು ಫ್ರಾನ್ಸಿನಲ್ಲಿ ಮಾಡುವ ಬಟ್ಟಲು ಬೊರೊಸಿಲಿಕೇಟ್. ಲ್ಯಾಬಿನ ಸಾಮಾನು ಮಾತ್ರ ಹಳೆಯ ಕಾರ್ನಿಂಗ್‌ದೇ, ಅದೂ ಬೊರೊಸಿಲಿಕೇಟ್. ಮನೆ ಮಾರಿ ಹೋದ ಮೇಲೂ ಬಾಗಿಲ ಮೇಲೆ ಹಳೆ ಯಜಮಾನರ ಹೆಸರಿನ ಬೋರ್ಡು ಹಾಗೇ ಇರುತ್ತದಲ್ಲ, ಇಲ್ಲೂ ಅಷ್ಟೇ. ಇಂಗ್ಲಿಷ್‌ನಲ್ಲಿ ಎಲ್ಲಾ ದೊಡ್ಡಕ್ಷರ ಇದ್ದರೆ ಒಳ್ಳೇದು, ಸಣ್ಣಕ್ಷರ ಇದ್ದರೆ ಸೋಡಾ ಅಂತ ಒಂದು ಉಪಾಯ ಮೊಬೈಲಿನಲ್ಲಿ ಓಡಾಡುತ್ತದೆ. ಅದನ್ನು ನಂಬಿ ದುಡ್ಡು ಕೊಡಬೇಡಿ. ಆ ಬಣ್ಣದ ಸೋಡಾ ಬಟ್ಟಲುಗಳ ತಳದಲ್ಲೂ ದೊಡ್ಡಕ್ಷರವೇ ಇತ್ತು.

ನಮ್ಮ ದೇಶದ ಹೆಸರು ಬೊರೊಸಿಲ್. 1962ರಲ್ಲಿ ಕಾರ್ನಿಂಗ್ ಜೊತೆಗೂಡಿ ಶುರುವಾದ ಕಂಪನಿ, ಹೆಸರಿನಲ್ಲೇ ಬೊರೊಸಿಲಿಕೇಟ್ ಇದೆ. ನಮ್ಮ ಲ್ಯಾಬಿನಲ್ಲಂತೂ ಯಾವ ಕಂಪನಿಯ ಬೀಕರ್ ಆದರೂ 'ಬೊರೊಸಿಲ್ ತಗೊಂಡ್ ಬಾ' ಅಂತಲೇ ಕೂಗುತ್ತಿದ್ದರು. ಈಗ ಆ ಕಂಪನಿ ಸ್ಟೀಲ್ ಬಾಟಲಿಯನ್ನೂ ಮಾರುತ್ತದೆ, ಮಿಕ್ಸಿಯನ್ನೂ ಮಾರುತ್ತದೆ, ಲಾರಾ ಅನ್ನೋ ಹೆಸರಿನಲ್ಲಿ ಬಿಳಿ ಓಪಲ್ ಗಾಜಿನ ತಟ್ಟೆಯನ್ನೂ ಮಾರುತ್ತದೆ. ಅದರಲ್ಲಿ ತಪ್ಪೇನಿಲ್ಲ, ವ್ಯಾಪಾರ. ಆದರೆ ಓಪಲ್ ತಟ್ಟೆ ಊಟ ಬಡಿಸೋಕೆ, ಮೈಕ್ರೊವೇವ್‌ನಲ್ಲಿ ಸ್ವಲ್ಪ ಬಿಸಿ ಮಾಡೋಕೆ ಇರುವುದು. ಅದನ್ನು ಗ್ಯಾಸಿನ ಮೇಲೆ ಇಡಬಾರದು. ಕಂಪನಿ ಒಳ್ಳೇದು ಅಂದರೆ ಅದರ ಎಲ್ಲಾ ಸಾಮಾನೂ ಎಲ್ಲಾ ಉರಿಗೂ ಆಗುತ್ತದೆ ಅಂತ ಅರ್ಥ ಅಲ್ಲ, ಅಲ್ವಾ?

ನಮ್ಮ ಮನೆಯ ಸಂಗತಿಯೂ ಒಂದು ಇದೆ. ಮಗನ ಮದುವೆಯಲ್ಲಿ ಆಯೇರಿ ಬಂದದ್ದರಲ್ಲಿ ಗಾಜಿನ ಬಟ್ಟಲಿನ ಸೆಟ್‌ಗಳೇ ರಾಶಿ ಇದ್ದವು. ಡಬ್ಬಿಗಳು ಹೋದವು, ಬಟ್ಟಲು ಉಳಿದವು. ಆಮೇಲೆ ಸೊಸೆ ಇಲ್ಲಿನ ಮಾರ್ಕೆಟ್ಟಿನಲ್ಲಿ ಇನ್ನೊಂದು ದೊಡ್ಡದು ತಂದಳು. ಅಂಗಡಿಯವ ಹೇಳಿದ್ದು, 'ಪೈರೆಕ್ಸ್ ಅದ ರೀ ಅಕ್ಕಾ, ಬೆಂಕಿ ಮ್ಯಾಲೆ ಇಟ್ರೂ ಏನೂ ಆಗಂಗಿಲ್ಲ.' ಡಬ್ಬಿ ಮೇಲೆ ಇದ್ದದ್ದು ಬೇರೆ ಯಾವುದೋ ಹೆಸರು. ಆತನಿಗೆ ಪೈರೆಕ್ಸ್ ಅಂದರೆ ಬಿಸಿ ತಡೆಯುವ ಗಾಜು, ಅಷ್ಟೇ. ಸೊಸೆ ಪಕ್ಕದ ಮನೆಯವರಿಂದ ಕಲಿತ ಡಬಲ್ ಕಾ ಮೀಠಾ ಮಾಡಿ ಓವನ್‌ನಲ್ಲಿ ಇಟ್ಟಳು. ಓವನ್‌ನಲ್ಲಿ ಏನೂ ಆಗಲಿಲ್ಲ. ತೆಗೆದು ಗ್ರಾನೈಟ್ ಕಟ್ಟೆ ಮೇಲೆ ಇಟ್ಟಳು, ಕಟ್ಟೆ ಆಗಷ್ಟೇ ಒರೆಸಿದ್ದು, ಒದ್ದೆ ಇತ್ತು. ಪಟಾಕಿ ಥರ ಸದ್ದು ಬಂತು. ಬಟ್ಟಲು ಸಣ್ಣ ಸಣ್ಣ ಕಾಳಾಗಿ ಕಟ್ಟೆ ತುಂಬಾ ಚೆಲ್ಲಿತು. ದೇವರ ದಯೆ, ಮೊಮ್ಮಗ ಆಗ ಹೊರಗಿದ್ದ. ಅಂಗಡಿಗೆ ಹೋಗಿ ಕೇಳಿದರೆ 'ನೀವ್ ಸರಿ ಹಿಡಿದಿಲ್ರಿ' ಅಂದ.

ಸೊಸೆ ಸರಿಯಾಗೇ ಹಿಡಿದಿದ್ದಳು. ಆ ಕಾಳು ನೋಡಿದ ಕೂಡಲೇ ಅದು ಯಾವ ಗಾಜು ಅಂತ ನನಗೆ ಗೊತ್ತಾಯಿತು. ಹದ ಕೊಟ್ಟ ಗಾಜು ಹಾಗೆ ಒಡೆಯುತ್ತದೆ. ಇದರ ಹಿಂದಿನ ಕೆಲಸ ಹೀಗೆ. ಕಾದ ಗಾಜಿನ ಮೇಲ್ಮೈಗೆ ಜೋರಾಗಿ ಗಾಳಿ ಬಿಟ್ಟು ಮೊದಲು ಅದನ್ನೇ ಗಟ್ಟಿ ಮಾಡುತ್ತಾರೆ. ಒಳಗಿನದು ಆಮೇಲೆ ಆರುತ್ತಾ ಮೇಲ್ಮೈಯನ್ನು ಎಲ್ಲಾ ಕಡೆಯಿಂದ ಒತ್ತಿ ಹಿಡಿಯುತ್ತದೆ. ಆ ಒತ್ತಡ ಇರುವ ತನಕ ಬಿರುಕು ಬಿಡುವುದು ಕಷ್ಟ. ಕೈಜಾರಿ ಸಿಂಕಿಗೆ ಬಿದ್ದರೂ ಬೊರೊಸಿಲಿಕೇಟ್‌ಗಿಂತ ಇದು ಉಳಿಯುವ ಸಂಭವ ಜಾಸ್ತಿ. ಕಂಪನಿಯವರು ತಮ್ಮ ಪರವಾಗಿ ಹೇಳುವುದೂ ಇದನ್ನೇ, ಮನೆಯಲ್ಲಿ ಗಾಜು ಒಡೆಯುವುದು ಬಿಸಿಗಿಂತ ಬೀಳುವುದರಿಂದಲೇ ಹೆಚ್ಚು ಅಂತ. ಮಾತು ಸುಳ್ಳಲ್ಲ. ನಮ್ಮ ಅಡುಗೆಮನೆಗಳಲ್ಲಿ ಸ್ಟೀಲ್ ಪಾತ್ರೆಗಳ ನಡುವೆ ಗಾಜನ್ನು ಹಾಕಿ ತಿಕ್ಕುವುದು ನೋಡಿದರೆ ಅವರ ಮಾತಿಗೂ ಅರ್ಥ ಇದೆ. ಆದರೆ ಮೇಲ್ಮೈಯ ಆ ಒತ್ತಡ ದಾಟಿ ಒಂದು ಬಿರುಕು ಒಳಗೆ ಹೋಯಿತೋ, ಕೂಡಿಟ್ಟ ಬಲವೆಲ್ಲಾ ಒಮ್ಮೆಲೇ ಹೊರಗೆ ಬಂದು ಇಡೀ ಬಟ್ಟಲು ಸಿಡಿಯುತ್ತದೆ. ಉಕ್ಕಿನ ಜುಂಗಿನಿಂದ ತಿಕ್ಕಿ ಗೀರು ಬಿದ್ದ ಬಟ್ಟಲಂತೂ ಇನ್ನೂ ಅಪಾಯ. ಬೊರೊಸಿಲಿಕೇಟ್ ಬಿದ್ದರೆ ಬೇಗ ಒಡೆಯಬಹುದು, ಉದ್ದುದ್ದ ಚೂಪು ಚೂರಾಗುತ್ತದೆ, ಆದರೆ ಬಿಸಿ ತಣ್ಣಗಿನ ಆಟವನ್ನು ಜಾಸ್ತಿ ತಡೆಯುತ್ತದೆ.

ಒದ್ದೆ ಕಟ್ಟೆಯ ವಿಷಯ ನಮ್ಮ ಮನೆಯದ್ದು ಮಾತ್ರ ಅಲ್ಲ. ಅಮೆರಿಕದ ಕನ್ಸ್ಯೂಮರ್ ರಿಪೋರ್ಟ್ಸ್ ಪತ್ರಿಕೆ 2011ರಲ್ಲಿ ಇದನ್ನೇ ಪರೀಕ್ಷೆ ಮಾಡಿತ್ತು. ಬಟ್ಟಲಿಗೆ ಒಣ ಮರಳು ತುಂಬಿ ಸುಮಾರು 230 ಡಿಗ್ರಿ ಸೆಲ್ಸಿಯಸ್ ಓವನ್‌ನಲ್ಲಿ ಕಾಯಿಸಿ ಒದ್ದೆ ಗ್ರಾನೈಟ್ ಮೇಲೆ ಇಟ್ಟರು. ಸೋಡಾ ಗಾಜಿನವು ಒಡೆದವು, ಯುರೋಪಿನ ಬೊರೊಸಿಲಿಕೇಟ್ ಬಟ್ಟಲುಗಳು ಹೆಚ್ಚು ತಾಳಿದವು. ಮರುವರ್ಷ ಅಮೆರಿಕದ ಸಿರಾಮಿಕ್ ಸೊಸೈಟಿಯ ಬುಲೆಟಿನ್‌ನಲ್ಲಿ ಇಬ್ಬರು ತಜ್ಞರು ಲೆಕ್ಕ ಹಾಕಿ ಬರೆದರು. ಸೋಡಾ ಗಾಜು ಒಮ್ಮೆಲೇ ತಾಳುವ ಅಂತರ ಸುಮಾರು 55 ಡಿಗ್ರಿ ಸೆಲ್ಸಿಯಸ್, ಬೊರೊಸಿಲಿಕೇಟ್ ಸುಮಾರು 183. ಸೋಡಾ ಬಟ್ಟಲು ಮಾಡುವ ಕಂಪನಿಯವರು ಒಪ್ಪಲಿಲ್ಲ, ವಾದ ನಡೆಯಿತು, ಅದು ಇರಲಿ. ಎರಡರ ನಡುವಿನ ಅಂತರ ಎಷ್ಟು ದೊಡ್ಡದು ನೋಡಿ.

ಅಡುಗೆ ಮಾಡುವವರಿಗೆ ನನ್ನ ಅನುಭವದ ಕೆಲವು ಮಾತು. ದಪ್ಪ ಗಾಜು ಅಂದರೆ ಗಟ್ಟಿ ಅನ್ನೋ ನಂಬಿಕೆ ಬಿಡಿ. ಬೀಳುವ ಮಟ್ಟಿಗೆ ದಪ್ಪ ಒಳ್ಳೇದು, ಬಿಸಿಯ ಮಟ್ಟಿಗೆ ತೆಳುವೇ ಒಳ್ಳೇದು. ತೆಳು ಗಾಜಿನಲ್ಲಿ ಎರಡೂ ಮೈ ಬೇಗ ಒಂದೇ ಬಿಸಿಗೆ ಬರುತ್ತವೆ. ಟೆಸ್ಟ್ ಟ್ಯೂಬ್ ತೆಳ್ಳಗೆ ಇರುವುದು ಅದಕ್ಕೇ. ಚಹಾದ ಹೋಟೆಲಿನಲ್ಲಿ ದಪ್ಪ ತಳದ ಗ್ಲಾಸನ್ನು ಮೊದಲು ಬಿಸಿನೀರಲ್ಲಿ ಅದ್ದಿ ಆಮೇಲೆ ಚಹಾ ಸುರಿಯುತ್ತಾರಲ್ಲ, ಅದರಿಂದ ಗ್ಲಾಸು ತೊಳೆದಂತೆಯೂ ಆಯಿತು, ತಳ ಬಿರುಕು ಬಿಡದಂತೆಯೂ ಆಯಿತು. ಫ್ರಿಜ್ಜಿನಿಂದ ತೆಗೆದ ಬಟ್ಟಲನ್ನು ನೇರ ಓವನ್‌ಗೆ ಇಡಬೇಡಿ, ಬೊರೊಸಿಲಿಕೇಟ್ ಆದರೂ ಬೇಡ. ಓವನ್‌ನಿಂದ ತೆಗೆದದ್ದನ್ನು ಕಲ್ಲಿನ ಕಟ್ಟೆ ಮೇಲೆ ಇಡಬೇಡಿ, ಗ್ರಾನೈಟ್ ಇರಲಿ ಫರ್ಸಿ ಇರಲಿ. ಒಣ ಬಟ್ಟೆ ಮಡಚಿ ಹಾಕಿ, ಇಲ್ಲ ಕಟ್ಟಿಗೆ ಮಣೆ ಇಡಿ. ಡಿಸೆಂಬರಿನಲ್ಲಿ ಬೀದರದ ನಲ್ಲಿ ನೀರು ಕೈ ಮರಗಟ್ಟುವಷ್ಟು ತಣ್ಣಗಿರುತ್ತದೆ, ಬಿಸಿ ಬಟ್ಟಲಿಗೆ ಅದನ್ನು ಬಿಟ್ಟರೆ ಮುಗೀತು. ನಮ್ಮಲ್ಲಿ ಮೇ ತಿಂಗಳಲ್ಲಿ ಟ್ಯಾಂಕಿನ ನೀರೇ ಸ್ನಾನಕ್ಕೆ ಕಾಯಿಸಿದ ಹಾಗೆ ಇರುತ್ತದೆ, ಆಗ ಇದೇ ತಪ್ಪು ಮಾಡಿದವರು ಎಷ್ಟೋ ಸಲ ಪಾರಾಗುತ್ತಾರೆ, ಆಮೇಲೆ ಬಟ್ಟಲು ಬಹಳ ಗಟ್ಟಿ ಅಂತ ಹೊಗಳುತ್ತಾರೆ.

ಮೈಕ್ರೊವೇವ್ ಸೇಫ್ ಬೇರೆ, ಓವನ್ ಸೇಫ್ ಬೇರೆ. ಮೈಕ್ರೊವೇವ್ ಬಿಸಿ ಮಾಡುವುದು ಒಳಗಿನ ಸಾರನ್ನು, ಬಟ್ಟಲು ಕಾಯುವುದು ಬಹುಪಾಲು ಆ ಸಾರಿನಿಂದ. ಸಾರು ಹೆಚ್ಚೆಂದರೆ ಕುದಿಯುವ ಮಟ್ಟಕ್ಕೆ ಬರುತ್ತದೆ. ಓವನ್‌ನಲ್ಲಿ ಬಟ್ಟಲೇ 200 ಡಿಗ್ರಿಗೆ ಕಾಯುತ್ತದೆ. ಇನ್ನು ಗ್ಯಾಸಿನ ಉರಿ. ಅದು ತಳದ ಒಂದೇ ಜಾಗಕ್ಕೆ ತಾಗುತ್ತದೆ, ಹಾಗಾಗಿ ಸಾಮಾನ್ಯ ಬೊರೊಸಿಲಿಕೇಟ್ ಬೇಕಿಂಗ್ ಬಟ್ಟಲನ್ನೂ ಅದರ ಮೇಲೆ ಇಡಬಾರದು. ಲ್ಯಾಬಿನಲ್ಲೂ ಬೀಕರ್ ಕೆಳಗೆ ತಂತಿ ಜಾಲರಿ ಇಡದೆ ಬರ್ನರ್ ಹಚ್ಚಲು ನಾವು ಬಿಡುತ್ತಿರಲಿಲ್ಲ. ಒಲೆಯ ಉರಿಗೆ ನಿಜವಾಗಿ ತಾಳುವುದು ಗ್ಲಾಸ್ ಸಿರಾಮಿಕ್ ಅನ್ನೋದು. ಅದು ಸಿಕ್ಕದ್ದೂ ಕಾರ್ನಿಂಗ್‌ನಲ್ಲೇ, 1953ರಲ್ಲಿ, ಡೊನಾಲ್ಡ್ ಸ್ಟೂಕಿ ಅನ್ನೋ ವಿಜ್ಞಾನಿಯ ಕುಲುಮೆ ಕೈಕೊಟ್ಟು 600 ಡಿಗ್ರಿ ಬದಲು 900 ದಾಟಿದಾಗ. ಗಾಜು ಕರಗಿ ಹೋಗಿರುತ್ತದೆ ಅಂದುಕೊಂಡರೆ ಹಾಲಿನ ಬಣ್ಣದ ತಟ್ಟೆ ಆಗಿತ್ತು, ಇಕ್ಕಳದಿಂದ ಜಾರಿ ನೆಲಕ್ಕೆ ಬಿದ್ದರೂ ಒಡೆಯಲಿಲ್ಲ. ಅದರಿಂದ ಕಾರ್ನಿಂಗ್‌ವೇರ್ ಪಾತ್ರೆ ಬಂತು. ಮುಂದೆ ಆ ಹೆಸರನ್ನೂ ಓವನ್‌ಗೆ ಮಾತ್ರ ಆಗುವ ಸಾದಾ ಪಿಂಗಾಣಿ ಜಾತಿಯ ಪಾತ್ರೆಗೆ ಅಂಟಿಸಿ ಮಾರಿದರು, ನೋಡಿ! ನಿಮ್ಮ ಮನೆಯ ಇಂಡಕ್ಷನ್ ಒಲೆಯ ಕರಿ ಹಲಗೆ ಅದೇ ಗ್ಲಾಸ್ ಸಿರಾಮಿಕ್ ಜಾತಿ.

ಡಬ್ಬಿ ಕಳೆದುಹೋದ ಬಟ್ಟಲು ಯಾವ ಗಾಜು ಅಂತ ನೋಡೋಕೆ ಒಂದು ದಾರಿ ಇದೆ. ಸಾದಾ ಗಾಜಿನ ಲೋಟದಲ್ಲಿ ಕುಸುಬಿ ಎಣ್ಣೆಯೋ ಸೂರ್ಯಕಾಂತಿ ಎಣ್ಣೆಯೋ ಹಾಕಿ, ಬಟ್ಟಲಿನ ಹಿಡಿಕೆ ಅಥವಾ ಅದೇ ಸೆಟ್ಟಿನ ಸಣ್ಣ ಕಪ್ಪನ್ನು ಅದರಲ್ಲಿ ಮುಳುಗಿಸಿ. ಬಣ್ಣ ಇಲ್ಲದ ಬೊರೊಸಿಲಿಕೇಟ್ ಆದರೆ ಮುಳುಗಿದ ಭಾಗ ಹೆಚ್ಚುಕಡಿಮೆ ಮಾಯ ಆಗುತ್ತದೆ. ಬೆಳಕು ಬಾಗುವ ಲೆಕ್ಕ ಎಣ್ಣೆಗೂ ಅದಕ್ಕೂ ಒಂದೇ, ಸುಮಾರು 1.47. ಸೋಡಾ ಗಾಜಿನದು 1.52, ಹಾಗಾಗಿ ಅದರ ಅಂಚು ಎಣ್ಣೆಯಲ್ಲೂ ಎದ್ದು ಕಾಣುತ್ತದೆ. ಹುಡುಗರಿಗೆ ಇದನ್ನು ಜಾದೂ ಅಂತ ತೋರಿಸುತ್ತಿದ್ದೆವು. ಕಪ್ಪು ಒಣಗಿದ್ದಿರಬೇಕು, ಎಣ್ಣೆ ತಣ್ಣಗಿರಬೇಕು. ಎಣ್ಣೆ ವಾಪಸ್ ಡಬ್ಬಿಗೆ ಸುರಿದುಕೊಳ್ಳಿ, ನಷ್ಟ ಇಲ್ಲ.

ಆದರೆ ಕೊಳ್ಳುವವರು ಅಂಗಡಿಗೆ ಎಣ್ಣೆ ಹೊತ್ತುಕೊಂಡು ಹೋಗೋಕಾಗುತ್ತದಾ? ನನ್ನ ತಕರಾರು ಇರುವುದು ಇಲ್ಲಿ. ಪ್ಯಾಕ್ ಮಾಡಿದ ಸಾಮಾನಿನ ಮೇಲೆ ಏನು ಬರೆಯಬೇಕು ಅಂತ ಕಾನೂನು ಮಾಪನಶಾಸ್ತ್ರದ, ಅಂದ್ರೆ ತೂಕ ಅಳತೆ ಇಲಾಖೆಯವರು ನೋಡಿಕೊಳ್ಳುವ, 2011ರ ನಿಯಮಗಳು ಇವೆ. ತಯಾರಕರ ಹೆಸರು ವಿಳಾಸ, ಎಂಆರ್‌ಪಿ, ತಿಂಗಳು ವರ್ಷ, ಸಾಮಾನಿನ ಸಾಮಾನ್ಯ ಹೆಸರು. ಸಾಮಾನ್ಯ ಹೆಸರು ಅಂದ ಜಾಗದಲ್ಲಿ 'ಗಾಜಿನ ಬಟ್ಟಲು' ಅಂತ ಬರೆದು ಕೈತೊಳೆದುಕೊಳ್ಳುತ್ತಾರೆ. ಅದೂ ಹಿಂದಿಯಲ್ಲೋ ಇಂಗ್ಲಿಷ್‌ನಲ್ಲೋ ಇದ್ದರೆ ಆ ನಿಯಮಕ್ಕೆ ಸಾಕು. ಕನ್ನಡ ಮಾತ್ರ ಓದುವ ಹೆಣ್ಣುಮಕ್ಕಳು ಅಂಗಡಿಯವನ ಬಾಯಿಮಾತನ್ನೇ ನಂಬಬೇಕು. ಸ್ಟೀಲ್ ಮತ್ತು ಅಲ್ಯೂಮಿನಿಯಂ ಪಾತ್ರೆಗಳಿಗೆ ಐಎಸ್‌ಐ ಗುರುತು ಕಡ್ಡಾಯ ಅಂತ ಕೇಂದ್ರ ಸರ್ಕಾರ 2024ರ ಮಾರ್ಚ್‌ನಲ್ಲಿ ಆದೇಶ ಮಾಡಿತು. ಒಳ್ಳೆಯ ಕೆಲಸ. ಅದೇ ಕಾಳಜಿ ಗಾಜಿನ ಡಬ್ಬಿ ಮೇಲಿನ ಮಾತಿಗೂ ಬರಲಿ. ನಾನು ಕೇಳುವುದು ದೊಡ್ಡದೇನಲ್ಲ. ಬೊರೊಸಿಲಿಕೇಟೋ, ಹದ ಕೊಟ್ಟ ಸೋಡಾ ಗಾಜೋ, ಓಪಲೋ, ಗ್ಲಾಸ್ ಸಿರಾಮಿಕ್ಕೋ, ಒಂದು ಶಬ್ದ ಬರೆಯಲಿ. ಒಮ್ಮೆಲೇ ಎಷ್ಟು ಡಿಗ್ರಿ ಅಂತರ ತಾಳುತ್ತದೆ ಅನ್ನೋ ಒಂದು ಅಂಕಿ ಹಾಕಲಿ. ಎರಡೂ ಕನ್ನಡದಲ್ಲಿರಲಿ. ಡಬ್ಬಿ ಮೇಲೆ ಮಾತ್ರ ಅಲ್ಲ, ಬಟ್ಟಲಿನ ತಳದಲ್ಲೂ ಅಚ್ಚು ಹಾಕಲಿ, ಆಯೇರಿ ಕೊಟ್ಟವರೂ ಪಡೆದವರೂ ಡಬ್ಬಿಯನ್ನು ಎಲ್ಲಿ ಇಟ್ಟುಕೊಳ್ಳುತ್ತಾರೆ? ಹೀಟ್ ರೆಸಿಸ್ಟೆಂಟ್ ಅನ್ನೋ ಮಾತಿನ ಪಕ್ಕ ಅಂಕಿ ಇಲ್ಲದಿದ್ದರೆ ಅದನ್ನು ಅಚ್ಚು ಹಾಕೋಕೇ ಬಿಡಬಾರದು ಅನ್ನೋದು ನನ್ನ ಅಭಿಪ್ರಾಯ. ಇಲಾಖೆಯವರು ಈ ಪತ್ರ ಓದಿದರೆ ಉತ್ತರ ಕೊಡಲಿ.

ಇನ್ನೊಂದು ವಿಷಯ, ಪೌರಕಾರ್ಮಿಕರದ್ದು. ಒಡೆದ ಬಟ್ಟಲನ್ನು ಹಾಗೇ ಕಸದ ಗಾಡಿಗೆ ಸುರಿಯುವವರನ್ನು ಬೆಳಗ್ಗೆ ಬೆಳಗ್ಗೆ ನೋಡುತ್ತೇನೆ. ಕಾಳಾದ ಗಾಜೂ ಕೈ ಕೊಯ್ಯುತ್ತದೆ, ಬೊರೊಸಿಲಿಕೇಟ್ ಚೂರಂತೂ ಚೀಲ ಹರಿದು ಹೊರಗೆ ಬರುತ್ತದೆ. ಹಳೆ ಪೇಪರಿನಲ್ಲಿ ದಪ್ಪಗೆ ಸುತ್ತಿ, ರಟ್ಟಿನ ಡಬ್ಬಿಯಲ್ಲಿ ಹಾಕಿ, ಮೇಲೆ 'ಗಾಜು' ಅಂತ ಬರೆದು ಬೇರೆಯಾಗಿ ಕೈಗೆ ಕೊಡಿ. ಗುಜರಿಯವರಿಗೆ ಕೊಡುವ ಸಾದಾ ಬಾಟಲಿಗಳ ಜೊತೆ ಬೊರೊಸಿಲಿಕೇಟ್ ಚೂರು ಸೇರಿಸಬೇಡಿ. ಬಾಟಲಿ ಗಾಜು ಕರಗುವ ಬಿಸಿಗೆ ಅದು ಸರಿಯಾಗಿ ಕರಗುವುದಿಲ್ಲ, ಗಂಟು ಉಳಿದು ಹೊಸ ಬಾಟಲಿ ಹಾಳಾಗುತ್ತದೆ.

ಇಂತಿ,
ನಿವೃತ್ತ ಲ್ಯಾಬ್ ಸಿಬ್ಬಂದಿ, ಕಲಬುರಗಿ